ಕಡೆಯ ಸಾಲು ಹೇಳದ ಶಂಕ್ರಿ

ಮಾನ್ಯ ಓದುಗರ ಅವಗಾಹನೆಗೆ ಮೊದಲಿಗೆ ತರಬಯಸುವುದೇನೆಂದರೆ, ಮುಳಬಾಗಿಲಿನ ಶಂಕರನಾರಾಯಣನು, ಅಂದರೆ ನಮ್ಮ ಶಂಕ್ರಿಯು, ಒಂದೇ ಉಸಿರಿನಲ್ಲಿ ಎಷ್ಟು ಹೊತ್ತು ಹಾಡಬಲ್ಲವನಾಗಿದ್ದನೆಂದರೆ, ಕೇಳುತ್ತಿದ್ದವರಿಗೇ ಉಸಿರು ಕಟ್ಟಿ, ಅವನ ಪರವಾಗಿ ಅವರು ಉಸಿರೆಳೆದುಕೊಳ್ಳುತ್ತಿದ್ದರು. ಸದರಿಯವನು ಪುರೋಹಿತರ ಮಗ, ಸ್ವತಃ ಪುರೋಹಿತ. ಬೆಳಿಗ್ಗೆ ಗೃಹಪ್ರವೇಶ, ಮಧ್ಯಾಹ್ನ ನಾಮಕರಣ, ಸಂಜೆ ಹಿಪ್ ಹಾಪ್. ನಮಗೆ ತಿಳಿದ ಮಟ್ಟಿಗೆ ಕೋಲಾರ ಸೀಮೆಯ ಏಕೈಕ ಪ್ರಾಯೋಗಿಕ ಹಿಪ್ ಹಾಪ್ ತಂಡವಾದ ‘ಘನ ಗ್ಯಾಂಗ್’ನ ಸಂಸ್ಥಾಪಕನೂ, ಮುಖ್ಯ ಗಾಯಕನೂ, ಸದರಿ ತಂಡವನ್ನು ಯಾವ ಊರಿನವರೂ ಎರಡನೆಯ ಬಾರಿ ಕರೆಯದಿರಲು ಕಾರಣನೂ ಅವನೇ.

ತೊಂಬತ್ತರ ದಶಕದ ಕೊನೆಯಲ್ಲಿ ಕೋಲಾರದ ಕ್ಯಾಸೆಟ್ ಅಂಗಡಿಯೊಂದರಲ್ಲಿ ಅಮೆರಿಕದ ರ‍್ಯಾಪ್ ಮೊದಲ ಬಾರಿಗೆ ಅವನ ಕಿವಿಗೆ ಬಿದ್ದಾಗ ನಾನು ಜೊತೆಯಲ್ಲಿದ್ದೆನು. ಕಣ್ಣು ಮುಚ್ಚಿ ಒಂದು ಬದಿ ಪೂರ್ತಿ ಕೇಳಿದ ನಂತರ ಅವನು ಹೇಳಿದ್ದು: “ಕಂಠ ಚೆನ್ನಾಗಿದೆ ಕಣೋ ಗೋಪಿ. ಆದ್ರೆ ಉಸಿರು ತಗೊಳ್ಳೋ ಜಾಗ ಎಲ್ಲಾ ತಪ್ಪು. ಪಾಪ, ಇವ್ರಿಗೆ ಪಾಠ ಹೇಳೋರು ಸಿಕ್ಕಿಲ್ಲ.”

ಸದರಿ ಕೊರತೆಯನ್ನು ನೀಗಿಸುವ ಉದ್ದೇಶದಿಂದ ತಂಡ ಹುಟ್ಟಿತು. ವೇದಪಾಠದಲ್ಲಿ ‘ಘನ’ ಎಂಬ ಕ್ರಮವಿದೆ. ಪದಗಳನ್ನು ಮುಂದಕ್ಕೆ, ಹಿಂದಕ್ಕೆ, ಮತ್ತೆ ಮುಂದಕ್ಕೆ ಹೆಣೆದು ಹೇಳುವುದು. ಶಂಕ್ರಿ ಅದನ್ನು ತಾನೇ ರಚಿಸಿದ ಹಾಡಿಗೆ ಅನ್ವಯಿಸಿದನು. “ಕರೆಂಟು ಹೋಯ್ತು ಬರಲಿಲ್ಲ” ಎಂಬ ಮೂರು ಪದಗಳು ಅವನ ಬಾಯಲ್ಲಿ “ಕರೆಂಟು ಹೋಯ್ತು, ಹೋಯ್ತು ಕರೆಂಟು, ಕರೆಂಟು ಹೋಯ್ತು ಬರಲಿಲ್ಲ, ಬರಲಿಲ್ಲ ಹೋಯ್ತು ಕರೆಂಟು, ಕರೆಂಟು ಹೋಯ್ತು ಬರಲಿಲ್ಲ” ಎಂದಾಗುತ್ತಿದ್ದವು. ಕೇಳಲು ಬಹಳ ಸೊಗಸಾಗಿತ್ತು. ಆದರೆ ಹಾಡಿನಲ್ಲಿ ಇನ್ನೂ ಬಹಳ ಪದಗಳಿದ್ದವು.

ಹಾಡಿನ ಕಥೆ ಇಷ್ಟೇ. ಮದುವೆಮನೆಯಲ್ಲಿ ಸರಿಯಾಗಿ ಮುಹೂರ್ತಕ್ಕೆ ಕರೆಂಟು ಹೋಗುತ್ತದೆ. ಮುಹೂರ್ತ ಮೀರಬಾರದೆಂದು ವರನು ಕತ್ತಲಲ್ಲೇ ಹಾರ ಹಾಕುತ್ತಾನೆ. ಕರೆಂಟು ಬಂದಾಗ ಹಾರ ಯಾರ ಕೊರಳಲ್ಲಿದೆ ಎಂಬುದು ಕಡೆಯ ಸಾಲು. ತಂಡದ ಬಳಿ ಇದ್ದದ್ದು ಈ ಒಂದೇ ಹಾಡು.

ತಾಳದ ಹೊಣೆ ದೇವರಾಯಸಮುದ್ರದ ರೈತ ಮುನಿರಾಜುವಿನದು. ತೋಟಕ್ಕೆ ಔಷಧಿ ಹೊಡೆಯುವ ಪಂಪನ್ನು ಬೆನ್ನಿಗೆ ಕಟ್ಟಿಕೊಂಡು, ಮೈಕಿನ ಹತ್ತಿರ ನಿಂತು, ಚಿಸ್-ಪುಸ್, ಚಿಸ್-ಪುಸ್ ಎಂದು ಒತ್ತುತ್ತಿದ್ದನು. ಎಷ್ಟು ತೊಳೆದರೂ ವಾಸನೆ ಹೋಗದಿದ್ದುದರಿಂದ ಮುಂದಿನ ಸಾಲಿನ ಗಣ್ಯರು ಮೂಗು ಮುಚ್ಚಿಕೊಂಡೇ ಕಲೆಯನ್ನು ಆಸ್ವಾದಿಸಬೇಕಾಗುತ್ತಿತ್ತು. ಪತ್ರವ್ಯವಹಾರ ಮತ್ತು ಮೈಕು ಹಿಡಿಯುವುದು ನನ್ನ ಪಾಲಿಗೆ ಬಂದಿದ್ದವು.

ಅಭ್ಯಾಸದಲ್ಲಿಯೂ ಶಂಕ್ರಿ ಕಡೆಯ ಸಾಲನ್ನು ಹೇಳುತ್ತಿರಲಿಲ್ಲ. ವರ ಹಾರ ಎತ್ತಿದೊಡನೆ ನಿಲ್ಲಿಸಿ ನೀರು ಕುಡಿಯುತ್ತಿದ್ದನು.

“ಸಾಮಿ, ನಮಗಾದ್ರೂ ಹೇಳ್ರಿ, ಯಾರ ಕೊರಳಿಗೆ ಬಿತ್ತು?” ಎಂದು ಮುನಿರಾಜು ಗೋಗರೆದರೆ, “ಲೇ, ಪೂರ್ಣಾಹುತೀನ ಯಾರಾದ್ರೂ ಪ್ರಾಕ್ಟೀಸ್ ಮಾಡ್ತಾರೇನೋ? ಸಭೆ ಕೂತಿರ್ಬೇಕು, ಎಲ್ರೂ ಕೇಳ್ಬೇಕು. ಆಗ್ಲೇ ಅದು” ಎನ್ನುತ್ತಿದ್ದನು. ಒಂದು ಸಭೆ ಕಡೆಯವರೆಗೆ ಕೂತು ಕೇಳಬೇಕು ಎಂಬುದಷ್ಟೇ ಅವನ ಆಸೆ. ಹಣ, ಹೆಸರು, ಕ್ಯಾಸೆಟ್ ಯಾವುದನ್ನೂ ಅವನು ಬಯಸಿದ್ದನ್ನು ನಾನು ಕಾಣೆನು.

ಮಾಲೂರಿನ ರಾಜ್ಯೋತ್ಸವದಲ್ಲಿ ನಮಗೆ ಹತ್ತು ನಿಮಿಷ ಮಂಜೂರಾಗಿತ್ತು. ಅದು ಮುಗಿದಾಗ ಹಾಡಿನ ವರನು ಇನ್ನೂ ಪಂಚೆ ಉಡುತ್ತಿದ್ದನು. ವ್ಯವಸ್ಥಾಪಕರು ವೇದಿಕೆಗೆ ಬಂದು ಶಂಕ್ರಿಗೆ ಶಾಲು ಹೊದಿಸಿದರು. ಸಾಮಾನ್ಯವಾಗಿ ಎಂಥ ಭಾಷಣಕಾರರೂ ಶಾಲಿಗೆ ನಿಲ್ಲುತ್ತಾರೆ. ಶಂಕ್ರಿ ನಿಲ್ಲಲಿಲ್ಲ. ತಲೆಗೆ ಪೇಟ ತೊಡಿಸಿದರು. ಪೇಟ ಕಣ್ಣಿಗಿಳಿದರೂ ಹಾಡು ಹಿಂದಕ್ಕೂ ಮುಂದಕ್ಕೂ ಸಾಗಿಯೇ ಇತ್ತು. ಕೈಗೆ ಹಣ್ಣಿನ ಬುಟ್ಟಿ ಕೊಟ್ಟರು. ಅದನ್ನು ಅವನು ಮುನಿರಾಜುವಿಗೆ ದಾಟಿಸಿದನು. ಕೊನೆಗೆ ಅವರು ಬೇರೆ ಮೈಕು ಹಿಡಿದು ರಾಷ್ಟ್ರಗೀತೆಯನ್ನೇ ಆರಂಭಿಸಿಬಿಟ್ಟರು. ಶಂಕ್ರಿ ಪೇಟಸಮೇತ ನೆಟ್ಟಗೆ ನಿಂತನು. ಗೀತೆ ಮುಗಿಯುವಷ್ಟರಲ್ಲಿ ಪೆಂಡಾಲಿನವರು ಕುರ್ಚಿ ಮಡಿಸುತ್ತಿದ್ದರು.

ಶ್ರೀನಿವಾಸಪುರದಲ್ಲಿ ವರನು ಹಸೆಮಣೆ ಏರುವ ವೇಳೆಗೆ ಊಟಕ್ಕೆ ಎಲೆ ಹಾಕಿದರು. ವಿವರಣೆಯ ಅಗತ್ಯವಿಲ್ಲವೆಂದು ಭಾವಿಸುತ್ತೇನೆ.

ಆಗ ಶಂಕ್ರಿಗೆ ಹೊಸ ಆಲೋಚನೆ ಬಂತು. “ಎದ್ದು ಹೋಗಕ್ಕೆ ಆಗ್ದೇ ಇರೋ ಜನ ಬೇಕು ಕಣೋ.” ಅಂಥ ಜನ ನಂಗಲಿಯಲ್ಲಿದ್ದರು. ಚೆಕ್‌ಪೋಸ್ಟಿನಲ್ಲಿ ಲಾರಿಗಳು ಗಂಟೆಗಟ್ಟಲೆ ಸಾಲುಗಟ್ಟುತ್ತಿದ್ದವು. ರಸ್ತೆಬದಿಯಲ್ಲಿ ಹಾಡು ಆರಂಭವಾಯಿತು. ಡ್ರೈವರುಗಳು ಬೀಡಿ ಹಚ್ಚಿ ಸುತ್ತ ಕುಳಿತರು. ಇದೇ ಮೊದಲ ಬಾರಿಗೆ ವರನು ಹಾರ ಎತ್ತಿದನು. ಆಂಧ್ರದ ಡ್ರೈವರೊಬ್ಬನು ತಡೆಯಲಾರದೆ, “ಸಾಮೀ, ಹಾರಂ ಎವರಿ ಮೆಡಲೋ ಪಡಿಂದಿ? ಅದಿ ಮುಂದು ಚೆಪ್ಪಂಡಿ!” ಎಂದು ಕೂಗಿದನು. ಯಾರ ಕೊರಳಿಗೆಂದು ಮೊದಲು ಹೇಳಿ ಎಂಬುದು ಅವನ ಅಹವಾಲು. ಶಂಕ್ರಿ ತಾಳ ತಪ್ಪದೆ “ಒಸ್ತುಂದಿ ನಾಯನಾ, ಆಗು” ಎಂದನು. ಬರುತ್ತದೆ, ತಾಳಪ್ಪ ಎಂಬುದು ಉತ್ತರ. ಅಷ್ಟರಲ್ಲಿ ಗೇಟು ಎತ್ತಿದರು. ಹಿಂದಿನ ಲಾರಿಗಳೆಲ್ಲ ಹಾರನ್ ಒತ್ತಿದವು. ಡ್ರೈವರು ಕ್ಯಾಬಿನ್ನಿನಿಂದ ತಲೆ ಹೊರಹಾಕಿ ಹಿಂದೆ ನೋಡುತ್ತಲೇ ಹೋದನು.

“ಹತ್ರ ಬಂದಿತ್ತು, ಅಲ್ವೇನೋ?” ಎಂದನು ಶಂಕ್ರಿ. ಅವನ ಮುಖದಲ್ಲಿ ಅಂಥ ಸಂತೋಷವನ್ನು ನಾನು ಕಂಡಿರಲಿಲ್ಲ.

ಎರಡು ಸಾವಿರದ ಇಸವಿಯ ನಂತರ ಆಂಧ್ರದ ಗಡಿಯಾಚೆಯ ಊರೊಂದರಲ್ಲಿ ಅವನಿಗೆ ದೇವಸ್ಥಾನದ ಅರ್ಚಕತ್ವ ದೊರೆಯಿತು. ಬೀಳ್ಕೊಡಲು ಮುಳಬಾಗಿಲಿನ ಬಸ್ ಸ್ಟ್ಯಾಂಡಿಗೆ ನಾನು ಹೋಗಿದ್ದೆನು.

“ಈಗ್ಲಾದ್ರೂ ಹೇಳೋ ಶಂಕ್ರಿ.”

“ಬರೀ ಕಡೇ ಸಾಲು ಕೇಳ್ತೀಯೇನೋ? ಮೊದ್ಲಿಂದ ಬರ್ಬೇಕು” ಎಂದು ಅಲ್ಲಿಯೇ ಆರಂಭಿಸಿದನು. ಬಸ್ಸು ಬಂತು. ಹತ್ತಿ, ಕಿಟಕಿಯ ಪಕ್ಕ ಕುಳಿತು ಮುಂದುವರಿಸಿದನು. ಕಂಡಕ್ಟರು “ಸಾಮಿ, ಯಾವೂರು?” ಎಂದರೆ, ಹಾಡು ನಿಲ್ಲಿಸದೆ, ಊರ ಹೆಸರು ಬರೆದಿದ್ದ ಚೀಲ ತೋರಿಸಿದನು. ವರನು ಹಾರ ಎತ್ತಿದನು. ಬಸ್ಸು ಹೊರಟಿತು. ನಾನು ಸ್ವಲ್ಪ ದೂರ ಓಡಿದೆನು. ಹಿಂದಿನ ಸೀಟಿನ ಹೆಂಗಸೊಬ್ಬರು ಅಳುತ್ತಿದ್ದ ಮಗುವಿನ ಬಾಯಿಗೆ ಬನ್ನು ತುರುಕಿ ಅವನತ್ತ ಬಗ್ಗಿದ್ದು ಕಂಡಿತು. ಕಂಡಕ್ಟರು ಟಿಕೆಟ್ ಹರಿಯುವುದನ್ನು ಬಿಟ್ಟು ನಿಂತಿದ್ದನು. ಅದು ಎಕ್ಸ್‌ಪ್ರೆಸ್ ಬಸ್ಸು, ಮುಂದೆ ನಂಗಲಿಯವರೆಗೆ ಯಾರೂ ಇಳಿಯುವಂತಿರಲಿಲ್ಲ.

ಮರುವರ್ಷ ಶಂಕ್ರಿ ಕಾಮಾಲೆಯಿಂದ ತೀರಿಕೊಂಡನು. ಈಗಲೂ ಮುನಿರಾಜು ಸಿಕ್ಕಾಗಲೆಲ್ಲ ಹಾರ ಬಿದ್ದದ್ದು ಅಡುಗೆ ಭಟ್ಟನ ಕೊರಳಿಗೆ ಎನ್ನುತ್ತಾನೆ. ಪುರೋಹಿತರ ಕೊರಳಿಗೇ ಎಂಬುದು ನನ್ನ ವಾದ. ಇಬ್ಬರಲ್ಲಿಯೂ ಪುರಾವೆಯಿಲ್ಲ.

ಆದ್ದರಿಂದ, ಅಂದು ಆ ಬಸ್ಸಿನಲ್ಲಿದ್ದವರಲ್ಲಿ ಯಾರಾದರೂ ಇದನ್ನು ಓದಿದ್ದಲ್ಲಿ, ಹಾರವು ಯಾರ ಕೊರಳಿಗೆ ಬಿದ್ದಿತೆಂಬುದನ್ನು ದಯಮಾಡಿ ತಿಳಿಸಬೇಕಾಗಿ ಈ ಮೂಲಕ ಕಳಕಳಿಯಿಂದ ಕೋರುತ್ತೇನೆ. ಮೊದಲಿನಿಂದ ಹೇಳಿದರೂ ಅಡ್ಡಿಯಿಲ್ಲ, ಕೂತು ಕೇಳುತ್ತೇವೆ.