ಕೆಳಕಣಿವೆಯ ಮೆರೋಪಿ

ಮೆರೋಪಿ ಹೋದ ಚಳಿಗಾಲದಲ್ಲಿ ತೀರಿಕೊಂಡಳು. ಖಿಯೋಸ್ ದ್ವೀಪದ ದಕ್ಷಿಣದ ಹಳ್ಳಿಗಳಲ್ಲಿ ಈ ಹೆಸರಿನವರಿಗೆ ಬರವಿಲ್ಲ. ಆದ್ದರಿಂದ ಯಾವ ಮೆರೋಪಿ ಎಂಬುದನ್ನು ಮೊದಲೇ ಹೇಳಿಬಿಡಬೇಕು. ಮಿಕೆಸ್ ಮತ್ತು ದೆಸ್ಪಿನಾರ ಮಗಳು, ಮಸ್ತಕಿ ಎಂಬ ಅಂಟಿನ ಮರಗಳ ಬುಡದಲ್ಲಿ ಊರಿ ಊರಿ ಮಂಡಿ ಸವೆಸಿಕೊಂಡವಳು, ಊರವರು ಬೆನ್ನ ಹಿಂದೆ 'ಮುಳ್ಳು' ಎಂದು ಕರೆಯುತ್ತಿದ್ದ ಮೆರೋಪಿ. ಎದುರಿಗೂ ಹಾಗೇ ಕರೆಯುತ್ತಿದ್ದರು. ಅವಳಿಗೆ ಬೇಸರವಿರಲಿಲ್ಲ.

"ಗುಲಾಬಿ ಅಂತ ಕರೆದಿದ್ರೆ ಹೋಗೋರು ಬರೋರು ಎಲ್ಲಾ ಮೂಸಿ ನೋಡೋರು," ಎನ್ನುತ್ತಿದ್ದಳು.

ಗಂಡುಮಕ್ಕಳು ಮೊದಲ ಮಗಳಿಗೆ ತಮ್ಮ ತಾಯಿಯ ಹೆಸರಿಡಬೇಕು. ಅದು ಅಲ್ಲಿಯ ರೂಢಿ. ಅಜ್ಜಿ ಮೆರೋಪಿಗೆ ಮೂವರು ಗಂಡುಮಕ್ಕಳಿದ್ದರು, ಮೂವರೂ ರೂಢಿ ಮೀರಲಿಲ್ಲ. ಹಿರಿಯ ಸಿದೆರಿಸನ ಮಗಳು ಮೇಲ್ಬೀದಿ ಮೆರೋಪಿಯಾದಳು. ನಡುವಿನ ಜನ್ನಿಸನ ಮನೆ ಊರ ಮಧ್ಯದ ಹಳೆಯ ಗೋಪುರಕ್ಕೆ ಆತುಕೊಂಡಿತ್ತು, ಅವನ ಮಗಳು ಗೋಪುರದ ಮೆರೋಪಿ. ಕಿರಿಯ ಮಿಕೆಸನ ಮಗಳೇ ಈ ಮುಳ್ಳು. ತಿಂಡಿ ಕೊಡಲು ಅಜ್ಜಿ ಅಂಗಳದಿಂದ "ಮೆರೋಪಿ" ಎಂದು ಕೂಗಿದರೆ ಮೂವರೂ ಓಡಿಬರುತ್ತಿದ್ದರು. ಕೆಲಸಕ್ಕೆ ಕೂಗಿದರೆ ಒಬ್ಬಳೇ ಬರುತ್ತಿದ್ದಳು.

ಶಾಲೆಯಲ್ಲಿ ಮೂವರದೂ ಒಂದೇ ಬೆಂಚು. ಹಾಜರಿ ಕರೆಯುವಾಗಲೆಲ್ಲ ಮೇಷ್ಟ್ರಿಗೆ ನಗು. ಹಳೆಯ ಕತೆಗಳಲ್ಲೂ ಮೆರೋಪಿಯರು ಹೀಗೇ ಗುಂಪುಗುಂಪಾಗಿದ್ದಾರೆ ಎಂದು ಒಂದು ದಿನ ಅವರು ಹೇಳಿದರು. ಒಬ್ಬಳು ಆಕಾಶದ ಕೃತ್ತಿಕೆಯಲ್ಲಿದ್ದಾಳೆ. ಅಕ್ಕಂದಿರೆಲ್ಲ ದೇವತೆಗಳ ಕೈಹಿಡಿದರೆ ಇವಳೊಬ್ಬಳು ಮನುಷ್ಯನನ್ನು ಮದುವೆಯಾದಳು. ಆ ನಾಚಿಕೆಗೆ ಮುಖ ಮುಚ್ಚಿಕೊಂಡಳು, ಅದಕ್ಕೇ ಆ ನಕ್ಷತ್ರ ಮಂಕು. ಇನ್ನೊಬ್ಬಳು ಕೊರಿಂಥದ ರಾಣಿ. ಯಾರೋ ಕಾಡಿಗೆ ಎಸೆದ ಮಗುವನ್ನು ಹೆತ್ತಮಗನಂತೆ ಸಾಕಿದವಳು. ಮತ್ತೊಬ್ಬಳು ಇದೇ ದ್ವೀಪದ ರಾಜಕುಮಾರಿ. ಅವಳನ್ನು ಬಯಸಿ ಓರಿಯನ್ ಎಂಬ ಬೇಟೆಗಾರ ಬಂದ. ದ್ವೀಪದ ಕ್ರೂರಮೃಗಗಳನ್ನೆಲ್ಲ ಕೊಂದರೆ ಮಗಳನ್ನು ಕೊಡುತ್ತೇನೆ ಎಂದ ರಾಜ, ಅವನು ಕೊಂದು ಮುಗಿಸಿದ ಮೇಲೆ ನಾಳೆ ನಾಡಿದ್ದು ಎಂದು ಸತಾಯಿಸಿದ. ಬೇಟೆಗಾರ ಕುಡಿದು ಬಂದು ಹುಡುಗಿಯ ಮೇಲೆ ಕೈಹಾಕಿದ. ರಾಜ ಅವನ ಕಣ್ಣು ಕೀಳಿಸಿ ಕಡಲ ದಂಡೆಗೆ ಎಸೆದ.

ಮೇಲ್ಬೀದಿಯವಳು ತಾನು ರಾಣಿ ಎಂದಳು. ಗೋಪುರದವಳು ನಕ್ಷತ್ರವನ್ನು ಆರಿಸಿಕೊಂಡಳು.

"ಹಾಗಾದ್ರೆ ನಮ್ಮ ದ್ವೀಪದೋಳು ನಿನ್ನ ಪಾಲಿಗೆ," ಎಂದರು ಮೇಷ್ಟ್ರು.

"ಅವಳೇನಂದ್ಲು ಮೇಷ್ಟ್ರೇ?"

"ಯಾವಾಗ?"

"ಅಪ್ಪ ಮಾತು ಕೊಟ್ಟಾಗ. ಇವನು ಕುಡಿದು ಬಂದಾಗ. ಕಣ್ಣು ಕಿತ್ತಾಗ."

ಮೇಷ್ಟ್ರು ಯೋಚಿಸಿದರು. "ಏನೂ ಅಂದಿಲ್ಲಮ್ಮ. ಕತೇಲಿ ಅವಳಿಗೆ ಮಾತಿಲ್ಲ."

"ನಂಗವಳು ಬೇಡ," ಎಂದು ಮೆರೋಪಿ ಕೂತುಬಿಟ್ಟಳು.

ಅಪ್ಪ ಮಿಕೆಸ್ ಹಡಗಿಗೆ ಹೋದವನು ತಿರುಗಿ ಬರಲಿಲ್ಲ. ಆಮೇಲೆ ಅವಳು ಶಾಲೆಗಿಂತ ಹೆಚ್ಚು ಹೊತ್ತು ಅಜ್ಜಿಯ ಹಿಂದೆ ಕೆಳಕಣಿವೆಯಲ್ಲಿ ಕಳೆದಳು. ಅಲ್ಲಿಯ ಮಸ್ತಕಿ ಮರಗಳು ಅಜ್ಜಿಗೆ ತವರಿನಿಂದ ಬಂದವು. ಕುಳ್ಳು ಮರಗಳು, ಸೊಟ್ಟ ಕಾಂಡ, ಕೊಂಬೆಗಳು ನೆಲಕ್ಕೆ ತಾಗುವಂತೆ ಹರಡಿರುತ್ತವೆ. ಬೇಸಿಗೆ ಶುರುವಾಗುತ್ತಲೇ ಬುಡದ ನೆಲವನ್ನು ಕೆರೆದು ಗುಡಿಸಿ ಬಿಳಿಮಣ್ಣು ಹಾಸಬೇಕು. ಆಮೇಲೆ ಮೊನಚು ಉಪಕರಣದಿಂದ ತೊಗಟೆಗೆ ಸಣ್ಣಸಣ್ಣ ಗೀರು ಹಾಕಬೇಕು. ಅದಕ್ಕೆ ಅವರ ಮಾತಿನಲ್ಲಿ ಕಸೂತಿ ಎಂದೇ ಹೆಸರು. ಗೀರಿನಿಂದ ಒಸರುವ ಅಂಟು ಹನಿಹನಿಯಾಗಿ ಬಿದ್ದು ಬಿಳಿಮಣ್ಣಿನ ಮೇಲೆ ಗಟ್ಟಿಯಾಗುತ್ತದೆ. ಅದೇ ಮಸ್ತಕಿ, ಅಗಿಯಲೂ ತಿಂಡಿಗೆ ಹಾಕಲೂ ಜನ ಕೊಳ್ಳುವ ಪರಿಮಳದ ಅಂಟು. ಈ ಕೆಲಸ ನಿಂತು ಮಾಡಲು ಸಾಧ್ಯವಿಲ್ಲ. ಮಂಡಿಯೂರಿ, ಕೆಲವು ಕಡೆ ಹೊಟ್ಟೆಯ ಮೇಲೆ ಮಲಗಿ ಕೊಂಬೆಗಳಡಿ ತೆವಳಬೇಕು. ಉಳಿದ ಇಬ್ಬರು ಮೆರೋಪಿಯರು ಅತ್ತ ತಲೆ ಹಾಕಲಿಲ್ಲ. ಮೇಲ್ಬೀದಿಯವಳಿಗೆ ಲಂಗ ಕೊಳೆಯಾಗುವ ಭಯ, ಗೋಪುರದವಳಿಗೆ ಹಾವಿನ ಭಯ.

ಅಜ್ಜಿಯ ಹೆಸರು ಹೊತ್ತವಳಿಗೆ ಅಜ್ಜಿಯ ಆಸ್ತಿಯಲ್ಲಿ ಹೆಸರಿನ ಪಾಲು ಸಲ್ಲಬೇಕು ಎಂಬುದೂ ಊರಿನ ರೂಢಿಯೇ. ಅಜ್ಜಿ ಸಾಯುವ ಮುಂಚೆ ಪಾದ್ರಿಯನ್ನು ಕರೆಸಿ, ಮಕ್ಕಳ ಎದುರಿಗೇ "ಕೆಳಕಣಿವೆ ಮರ ಮೆರೋಪಿಗೆ" ಎಂದಳು. ಯಾವ ಮೆರೋಪಿ ಎಂದು ಅವಳು ಹೇಳಲಿಲ್ಲ, ಪಾದ್ರಿ ಕೇಳಲಿಲ್ಲ. ಕೇಳುವಂಥದ್ದು ಏನಾದರೂ ಇದೆಯೆಂದು ಆ ಹೊತ್ತಿಗೆ ಯಾರಿಗೂ ಅನಿಸಿರಲಿಲ್ಲ.

ಅಜ್ಜಿ ತೀರಿಕೊಂಡ ನಲವತ್ತನೆಯ ದಿನದ ಪೂಜೆ ಮುಗಿಯಿತು. ಬೇಯಿಸಿದ ಗೋಧಿಗೆ ಸಕ್ಕರೆ, ದಾಳಿಂಬೆ ಬೆರೆಸಿದ ಪ್ರಸಾದ ಹಂಚಿಯಾಯಿತು. ಮೇಲ್ಬೀದಿಯ ಮನೆಯಲ್ಲಿ ಎಲ್ಲರೂ ಕಾಫಿಗೆ ಕೂತಾಗ ದೊಡ್ಡಪ್ಪ ಸಿದೆರಿಸ್ ಬಟ್ಟಲು ಕೆಳಗಿಟ್ಟ.

"ಅಮ್ಮನ ಮಾತು ನಡೆಸ್ಬೇಕು. ಹೆಸರು ಮೊದಲು ಬಂದಿದ್ದು ನಮ್ಮನೆಗೆ. ಮರ ನಮ್ಮ ಮೆರೋಪಿಗೆ. ಕೊಸ್ತಿಸನ ಜೊತೆ ನಿಶ್ಚಯ ಆಗಿದೆ, ಮದುವೇಲಿ ಬರ್ದುಕೊಡ್ತೀನಿ."

ಜನ್ನಿಸ್ ತಲೆಯಾಡಿಸಿದ. ಅವನ ಮಗಳು ಆಗಲೇ ಪಿರೇಯಸ್ ಬಂದರಿನಲ್ಲಿ ಒಬ್ಬ ಹಡಗಿನವನ ಮನೆ ತುಂಬಿದ್ದಳು. ಪಾದ್ರಿ ತನ್ನ ಗಡ್ಡ ನೋಡಿಕೊಂಡ. ಊರಿನ ಎಣ್ಣೆಗಾಣ ಸಿದೆರಿಸನದು. ಆಲಿವ್ ಅರೆಸಬೇಕಾದ ಯಾರೂ ಬಾಯಿ ಬಿಡಲಿಲ್ಲ.

"ಅಜ್ಜಿ ಹೇಳಿದ್ದು ನನಗೆ, ದೊಡ್ಡಪ್ಪ," ಎಂದಳು ಮೆರೋಪಿ.

"ನಿನ್ನ ಕಿವೀಲಿ ಬಂದು ಹೇಳಿದ್ಲಾ?"

"ನಿಮ್ಮ ಮಗಳಿಗೆ ಆ ಕಣಿವೆ ದಾರಿ ಗೊತ್ತಾ, ಕೇಳಿ."

"ಅಪ್ಪ ಇಲ್ಲದ ಹುಡುಗಿ ನೀನು. ನಾಲಿಗೆ ಅಂಕೇಲಿರ್ಲಿ."

"ಅಪ್ಪ ಇಲ್ಲ ಅಂತಾನೇ ನಾಲಿಗೆ ಬೇಕಾಗಿರೋದು."

ಮೇಲ್ಬೀದಿಯ ಮೆರೋಪಿ ಬಾಗಿಲ ಬಳಿ ತಟ್ಟೆ ಹಿಡಿದು ನಿಂತಿದ್ದಳು. ಖಾಲಿ ಬಟ್ಟಲುಗಳನ್ನು ಜೋಡಿಸಿಕೊಂಡು ಒಳಗೆ ಹೋದಳು.

ಸಿದೆರಿಸ್ ಕೆಟ್ಟವನೇನಲ್ಲ. ಮೂರು ದಿನ ಬಿಟ್ಟು ದೆಸ್ಪಿನಾಳ ಮನೆಗೆ ತಾನಾಗೇ ಬಂದ. ಮರ ತನ್ನ ಮಗಳದೇ, ಆದರೆ ಗೇಯುವುದು ಈ ಹುಡುಗಿಯೇ ಇರಲಿ, ಬಂದ ಮಸ್ತಕಿಯಲ್ಲಿ ಅರ್ಧ ಇವಳಿಗೆ ಎಂದ. ಅವನು ಹೋದ ಮೇಲೆ ದೆಸ್ಪಿನಾ ಮಗಳ ಕೈ ಹಿಡಿದುಕೊಂಡಳು.

"ಒಪ್ಕೋ ಮಗಳೇ. ಅದೇ ಮರ, ಅದೇ ಕೆಲಸ. ಯಾರದಾದ್ರೆ ಏನು, ಅಂಟು ಬರಲ್ವಾ?"

"ಅದೇ ಮರ ಅಲ್ಲಮ್ಮ. ಇವತ್ತು ಅರ್ಧಕ್ಕೆ ಹೂಂ ಅಂದ್ರೆ ಪೂರ್ತಿ ಅವರದು ಅಂತ ನಾನೇ ಹೇಳ್ದ ಹಾಗೆ."

"ಸುಮ್ನಿದ್ರೆ ಸುಖ ಕಣೇ."

"ಮೇಷ್ಟ್ರ ಕತೇಲೂ ಒಬ್ಬಳು ಸುಮ್ನೆ ಇದ್ಲಂತೆ. ಅಪ್ಪ ಒಂದು ಆಡ್ದ, ಬಂದೋನು ಒಂದು ಆಡ್ದ. ಅವಳ ಪಾಲಿಗೆ ಬರೀ ಹೆಸರು ಉಳೀತು."

ದೆಸ್ಪಿನಾಳಿಗೆ ಕತೆ ಅರ್ಥವಾಗಲಿಲ್ಲ. ಮಗಳು ಒಪ್ಪುವುದಿಲ್ಲ ಎಂಬುದು ಅರ್ಥವಾಯಿತು. ಅವಳು ಎದ್ದು ಒಲೆಯ ಕಡೆ ಹೋದಳು.

ಅಂದಿನಿಂದ ಮೆರೋಪಿ ಬೇರೆಯವರ ಮರಗಳಿಗೆ ಕೂಲಿಗೆ ಹೋದಳು. ಚಳಿಗಾಲದಲ್ಲಿ ಬಾಗಿಲ ಮುಂದೆ ಕೂತು ಬೇರೆಯವರ ಮಸ್ತಕಿಯಿಂದ ಕಸ ತೆಗೆದಳು. ಕೆಳಕಣಿವೆಯನ್ನು ತಪ್ಪಿಸಿ ಹೋಗುವ ಸುತ್ತು ದಾರಿ ಒಂದಿತ್ತು. ಅವಳು ಅದನ್ನು ಹಿಡಿಯಲಿಲ್ಲ. ಕಸೂತಿಯ ದಿನಗಳಲ್ಲಿ ಬೇಕೆಂದೇ ಅದೇ ಮರಗಳ ಪಕ್ಕ ನಡೆದು, ಮೇಲ್ಬೀದಿಯವಳ ಗಂಡ ಕೊಸ್ತಿಸ್ ಇಟ್ಟುಕೊಂಡ ಆಳುಗಳನ್ನು ಕೂಗಿ ಮಾತಾಡಿಸುತ್ತಿದ್ದಳು: "ನಿಧಾನ ಕಣ್ರಪ್ಪ, ಅದು ನನ್ನ ಮರ." ಮೊದಲು ಕೊಸ್ತಿಸ್ ಜಗಳಕ್ಕೆ ಬಂದ. ಆಮೇಲೆ ನಕ್ಕ. ಕೊನೆಗೆ ಆಳುಗಳೇ, "ಮರದ ಒಡತಿ ಬಂದ್ರು," ಎಂದು ಟೋಪಿ ಎತ್ತುತ್ತಿದ್ದರು. ಅದು ಗೇಲಿಯೆಂದು ಅವಳಿಗೆ ಗೊತ್ತಿತ್ತು. ಆದರೂ ಪ್ರತಿ ಸಲ ಗಂಭೀರವಾಗಿ ತಲೆಬಾಗುತ್ತಿದ್ದಳು.

ಪಕ್ಕದ ಹಳ್ಳಿಯಿಂದ ಒಬ್ಬ ವರ ಬಂದಿದ್ದ. ಕಾಫಿ ಕುಡಿದು, ಮರದ ವ್ಯಾಜ್ಯ ಬಗೆಹರಿಯುವ ಸೂಚನೆ ಇದೆಯೇ ಎಂದು ಕೇಳಿದ. "ಮರವನ್ನೇ ಕೇಳ್ಕೊಂಡು ಬಾಪ್ಪ, ಅದು ಒಪ್ಪಿದ್ರೆ ಅದನ್ನೇ ಕಟ್ಕೋ," ಎಂದು ಕಳಿಸಿದಳು. ಇನ್ನೊಬ್ಬ ಬರಲಿಲ್ಲ. ಅವಳಿಗೆ ಅದರ ದುಃಖ ಇರಲಿಲ್ಲ ಎಂದರೆ ಸುಳ್ಳಾಗುತ್ತದೆ. ದೆಸ್ಪಿನಾ ತೀರಿಕೊಂಡ ವರ್ಷ ಮನೆಯಲ್ಲಿ ರೇಡಿಯೋ ಯಾವ ಹೊತ್ತೂ ಹಾಡುತ್ತಿತ್ತು, ಅವಳು ಹೊರಗೆ ಹೋದಾಗಲೂ.

ಸಿದೆರಿಸ್ ಸತ್ತ. ಕೊಸ್ತಿಸನೂ ಸತ್ತ. ಮೇಲ್ಬೀದಿಯ ಮೆರೋಪಿಯ ಮಕ್ಕಳು ಪಟ್ಟಣ ಸೇರಿದರು. ಆಮೇಲೊಂದು ಬೇಸಿಗೆ ಗುಡ್ಡದ ಕಡೆಯಿಂದ ಬೆಂಕಿ ಇಳಿಯಿತು. ಗಾಳಿ ತಿರುಗಿದ್ದರಿಂದ ಊರು ಉಳಿಯಿತು, ಕೆಳಕಣಿವೆ ಉಳಿಯಲಿಲ್ಲ. ಬೆಂಕಿ ಆರಿದ ಮೇಲೆ ಮೆರೋಪಿ ಹೋಗಿ ನೋಡಿದಳು. ಕರಿ ಮೋಟುಗಳ ನಡುವೆ ನಿಂತು ಯಾರನ್ನೂ ಕೂಗಲಿಲ್ಲ. ಕೂಗಲು ಆಳುಗಳೂ ಇರಲಿಲ್ಲ.

ಎರಡು ವರ್ಷ ಕಳೆದು, ಚಳಿಗಾಲದ ಒಂದು ಬೆಳಿಗ್ಗೆ ಚರ್ಚಿನ ಸಾವಿನ ಗಂಟೆ ಮೊಳಗಿತು. ಹೊಸದಾಗಿ ಬಂದಿದ್ದ ಎಳೆ ಪಾದ್ರಿಗೆ ಫೋನಿನಲ್ಲಿ ಸುದ್ದಿ ಬಂದಿತ್ತು. ಯಾರು ಸತ್ತದ್ದು ಎಂದು ಕೇಳಿದವರಿಗೆ ಅವನು, "ಮೆರೋಪಿ," ಎಂದ. ಊರಿನಲ್ಲಿ ಆ ವಾರವೆಲ್ಲ ಕೆಮ್ಮುತ್ತಿದ್ದ ಮೆರೋಪಿ ಒಬ್ಬಳೇ. ಹೆಂಗಸರು ಕಪ್ಪು ಬಟ್ಟೆ ತೊಟ್ಟು, ಸತ್ತ ಮನೆಗೆ ಒಯ್ಯಬೇಕಾದ ಕಾಫಿಪುಡಿ, ರಸ್ಕು, ಬ್ರಾಂದಿ ಹಿಡಿದು ಅವಳ ಓಣಿಗೆ ಬಂದರು. ಮುಂದೆ ಮಾರ್ಕೆಲ್ಲಾ. ಅಜ್ಜಿಯ ಕಾಲದಲ್ಲಿ ಪಕ್ಕದ ಮನೆಯಲ್ಲಿದ್ದವಳು, ಈಗ ಬೆನ್ನು ಬಾಗಿದ ಮುದುಕಿ. ಹಾಡಿ ಅಳುವುದರಲ್ಲಿ ಅವಳ ಸಮಕ್ಕೆ ಬೇರೆ ಯಾರೂ ಇರಲಿಲ್ಲ. ಸತ್ತವರ ಬದುಕನ್ನು ಅಲ್ಲೇ ಕಟ್ಟಿ ಹಾಡುತ್ತಾರೆ. ಆ ಹಾಡಿನಲ್ಲಿ ಆಡಿದ ಮಾತಿಗೆ ಯಾರೂ ಸಿಟ್ಟಾಗುವಂತಿಲ್ಲ.

ಮೆರೋಪಿ ಒಳಗೆ ಕಷಾಯ ಕುದಿಸುತ್ತಿದ್ದಳು. ಓಣಿಯಿಂದ ತನ್ನ ಹೆಸರು ಕೇಳಿಸಿತು.

"ಮಿಕೆಸನ ಮಗಳೇ, ಮುಳ್ಳಾದ ಹೂವೇ, ಅಜ್ಜಿ ಕೊಟ್ಟ ಮರವ ಉಣಲಿಲ್ಲ ನೀನು. ಊರಿಗೆಲ್ಲ ಗೊತ್ತಿತ್ತು ಯಾರ ಮರವೆಂದು, ಊರ ಬಾಯಿಗೆ ಎಣ್ಣೆಯ ಬೀಗವಿತ್ತು. ಕಣಿವೆಯ ಒಡತಿ, ಕೂಲಿಗೆ ಹೋದೆ, ಹೋಗಿ ಹೇಳವ್ವ ಅಜ್ಜಿಗೆ ನಮ್ಮ ತಪ್ಪ."

ಮೆರೋಪಿ ಒಲೆ ಆರಿಸಿದಳು. ಬಾಗಿಲ ಹಿಂದೆ ನಿಂತು ಕೊನೆಯ ಸಾಲಿನವರೆಗೂ ಕೇಳಿದಳು. ಆಮೇಲೆ ಅಗುಳಿ ತೆಗೆದಳು.

ಒಬ್ಬಳ ಕೈಯಿಂದ ರಸ್ಕಿನ ತಟ್ಟೆ ಬಿತ್ತು. ಉಳಿದವರು ಶಿಲುಬೆಯ ಗುರುತು ಮಾಡಿಕೊಂಡರು.

"ಯಾರು ಸತ್ತಿದ್ದು?" ಎಂದಳು ಮೆರೋಪಿ.

"ನೀನೇ ಕಣೇ," ಎಂದಳು ಮಾರ್ಕೆಲ್ಲಾ, ಇನ್ನೂ ಹಾಡಿನ ಗುಂಗಿನಲ್ಲಿ.

"ನಾನಿಲ್ಲಿದೀನಲ್ಲ. ನಿಲ್ಲಿಸಬೇಡ. ಊರಿಗೆಲ್ಲ ಗೊತ್ತಿತ್ತು ಅಂದ್ಯಲ್ಲ, ಅದನ್ನ ಇನ್ನೊಂದ್ಸಲ ಹೇಳು."

"ಅಯ್ಯೋ, ಬದುಕಿರೋರಿಗೆ ಹಾಡಬಾರ್ದು, ಅಪಶಕುನ."

"ಹಾಡೋದು ಬೇಡ. ಮಾತಲ್ಲೇ ಹೇಳು."

ಮಾರ್ಕೆಲ್ಲಾ ಅತ್ತಿತ್ತ ನೋಡಿದಳು. ಬಂದವರೆಲ್ಲ ನೆಲ ನೋಡುತ್ತಿದ್ದರು. "ಎಲ್ಲರಿಗೂ ಗೊತ್ತಿತ್ತಮ್ಮ. ಆ ಕಣಿವೇಲಿ ನಿನ್ನಜ್ಜಿ ಹಿಂದೆ ತೆವಳಿದ ಮೆರೋಪಿ ಇನ್ಯಾರಿದ್ರು? ಸಿದೆರಿಸ್‌ಗೂ ಗೊತ್ತಿತ್ತು."

"ಇಷ್ಟು ಹೇಳೋಕೆ ನಾನು ಸಾಯ್ಬೇಕಿತ್ತಾ?" ಎಂದಳು ಮೆರೋಪಿ. ಅವಳ ದನಿ ಏರಲಿಲ್ಲ. ಬಾಗಿಲ ಹಿಂದಿನ ಕೋಟು ತೊಟ್ಟಳು. "ಬನ್ನಿ. ಬ್ರಾಂದಿ ಇಲ್ಲೇ ಬಿಡಬೇಡಿ, ತನ್ನಿ."

ಮುಂದೆ ಅವಳು, ಹಿಂದೆ ಕಪ್ಪು ಬಟ್ಟೆಯ ಸಾಲು. ಕಾಫಿ ಅಂಗಡಿಯ ಗಂಡಸರು ಟೋಪಿ ತೆಗೆದು ಎದ್ದು ನಿಂತರು, ಸತ್ತವಳೇ ಮುಂದೆ ನಡೆಯುತ್ತಿರುವುದು ಕಂಡು ಮತ್ತೆ ಕೂತರು. ಮೇಲ್ಬೀದಿಯ ಮನೆಯ ಬಾಗಿಲು ತೆರೆದೇ ಇತ್ತು. ಮೇಲ್ಬೀದಿಯ ಮೆರೋಪಿ ಒಳಗೆ ಒಬ್ಬಳೇ ಕೂತು ಅಳುತ್ತಿದ್ದಳು. ಸತ್ತದ್ದು ಪಿರೇಯಸ್‌ನಲ್ಲಿದ್ದ ಗೋಪುರದ ಮೆರೋಪಿ. ಮೇಲ್ಬೀದಿಯವಳಿಗಾಗಲೇ ಸುದ್ದಿ ತಲುಪಿತ್ತು, ಸಾಂತ್ವನಕ್ಕೆ ಮಾತ್ರ ಯಾರೂ ಬಂದಿರಲಿಲ್ಲ.

ನಮ್ಮ ಮೆರೋಪಿ ಹೊಸ್ತಿಲು ದಾಟಿದಳು. ಮೊದಲು ಅಕ್ಕನ ಪಕ್ಕ ಕೂತು ಅತ್ತಳು. ಶಾಲೆಯ ಬೆಂಚಿನಲ್ಲಿ ಮೂವರಿದ್ದದ್ದು ಇಬ್ಬರಾಗಿತ್ತು. ಅತ್ತಾದ ಮೇಲೆ ಮೂಗು ಒರೆಸಿಕೊಂಡು, "ಮಾರ್ಕೆಲ್ಲಾ, ಈಗ ಹೇಳು," ಎಂದಳು.

"ಇವತ್ತಾ? ಸಾವಿನ ದಿನ?"

"ಬೇರೆ ದಿನ ನೀವು ಹೇಳಲ್ಲ."

ಮಾರ್ಕೆಲ್ಲಾ ಹೇಳಿದಳು. ಮೇಲ್ಬೀದಿಯ ಮೆರೋಪಿ ಕರವಸ್ತ್ರ ಮಡಚುತ್ತ ಕೇಳಿದಳು.

"ನನಗೂ ಗೊತ್ತಿತ್ತು," ಎಂದಳು ಕೊನೆಗೆ. "ಅವತ್ತು ತಟ್ಟೆ ಹಿಡ್ಕೊಂಡು ನಿಂತಿದ್ದಾಗ್ಲೇ. ಅಪ್ಪನ ಮುಂದೆ ಬಾಯಿ ಬರ್ಲಿಲ್ಲ. ಈಗೇನಿದೆ ಅಲ್ಲಿ, ಸುಟ್ಟ ಮೋಟು. ಬೇಕಾದ್ರೆ ಕೊಡ್ತೀನಿ, ತಗೋ."

"ಕೊಡೋಕೆ ನೀನ್ಯಾರೇ? ಅಜ್ಜಿ ಯಾವತ್ತೋ ಕೊಟ್ಟಾಗಿದೆ. ಇವರೆಲ್ಲರ ಮುಂದೆ ಅದನ್ನ ಹೇಳು, ಸಾಕು."

ಮೇಲ್ಬೀದಿಯವಳು ಎದ್ದು ನಿಂತಳು. ಹೇಳಬೇಕಾದ್ದನ್ನು ಕೂತು ಹೇಳುವುದು ಸರಿಯಲ್ಲ ಎನಿಸಿರಬೇಕು.

"ಕೆಳಕಣಿವೆ ಮರ ಅಜ್ಜಿ ಕೊಟ್ಟಿದ್ದು ಇವಳಿಗೆ. ನನಗಲ್ಲ."

ಯಾರೋ ಬ್ರಾಂದಿ ಬಗ್ಗಿಸಿದರು. ಸತ್ತವಳ ಹೆಸರಿನಲ್ಲಿ ಎಲ್ಲರೂ ಒಂದೊಂದು ಗುಟುಕು ಕುಡಿದರು.

ಅವಳ ನಿಜವಾದ ಸಾವಿಗೆ ಇನ್ನೂ ಕೆಲವು ವರ್ಷಗಳಿದ್ದವು. ಚಳಿ ಕಳೆಯುವ ಮುಂಚೆಯೇ ಮೆರೋಪಿ ನೆರೆಯವರ ಮರಗಳಿಂದ ರೆಂಬೆ ಕಡಿದು ತಂದು ಮೋಟುಗಳ ಸಾಲಿನಲ್ಲೇ ಗುಂಡಿ ತೋಡಿ ನೆಟ್ಟಳು. ಕೆಲವು ಹಳೆಯ ಬೇರುಗಳು ತಾವಾಗಿಯೇ ಚಿಗುರಿದವು. ಮೇಲ್ಬೀದಿಯವಳು ಒಂದು ದಿನ ಬಕೆಟ್ಟಿನಲ್ಲಿ ನೀರು ಹೊತ್ತು ತಂದಳು. ಲಂಗ ಕೊಳೆಯಾಯಿತು, ಆದರೆ ಮಾರನೆಯ ದಿನವೂ ಬಂದಳು. ಬೇಲಿಯಾಚೆ ಆಡು ಮೇಯಿಸುತ್ತಿದ್ದ ಪಂಡೆಲಿಸ್ ನಿಂತು ನೋಡಿದ.

"ಮಸ್ತಕಿ ಗಿಡ ಅಂಟು ಕೊಡೋಕೆ ಎಷ್ಟು ವರ್ಷ ಬೇಕು ಗೊತ್ತಾ, ಅಜ್ಜಿ? ಯಾರಿಗೆ ನೆಡ್ತಿದೀಯ?"

"ನನಗೆ," ಎಂದಳು ಮೆರೋಪಿ, ಮಣ್ಣು ತುಳಿದು ಗಟ್ಟಿ ಮಾಡುತ್ತ. "ಆಡನ್ನ ಆಚೆ ಹೊಡ್ಕೋ. ಅದು ನನ್ನ ಗಿಡ."