ಕಣ್ಣಿಗೆ ಬಟ್ಟೆ ಕಟ್ಟಿಕೊಂಡ ರಾಣಿ

ಕೂಲರಿನ ಒದ್ದೆ ಲಾವಂಚದ ವಾಸನೆ ಇಂದು ನನ್ನನ್ನು ದೆಹಲಿಯ ಜನಕಪುರಿಯ ಹಳೆಯ ಮನೆಗೆ ಎಳೆದೊಯ್ದಿತು. ರಜೆಯ ಮಧ್ಯಾಹ್ನಗಳಲ್ಲಿ ಅಪ್ಪ ನಮಗೆ ಪುರಾಣ ಹೇಳುತ್ತಿದ್ದರು, ಅಮ್ಮ ಬೀನ್ಸ್ ಹೆಚ್ಚುತ್ತಾ ಕೇಳುತ್ತಿದ್ದಳು.

ಅಕ್ಕನಿಗೆ ಕಾಲೇಜು ಬೇಡ, ಮದುವೆ ಮಾಡೋಣ ಎಂದು ಅಪ್ಪ ನಿರ್ಧರಿಸಿದ್ದ ವಾರವದು. ಕುರುಡ ರಾಜನಿಗಾಗಿ ತನ್ನ ಕಣ್ಣಿಗೂ ಬಟ್ಟೆ ಕಟ್ಟಿಕೊಂಡ ರಾಣಿಯ ಕಥೆ ಮುಗಿಸಿ, "ಹೆಂಡತಿ ಅಂದ್ರೆ ಹೀಗಿರಬೇಕು," ಎಂದರು.

ಅಮ್ಮನ ಕೈ ನಿಂತಿತು. "ಅವಳಾದ್ರೂ ಕಣ್ಣು ಬಿಟ್ಕೊಂಡಿದ್ದಿದ್ರೆ ಮಕ್ಕಳು ಉಳೀತಿದ್ರೇನೋ."

ಅಪ್ಪ ಎದ್ದು ಕೂಲರಿಗೆ ನೀರು ತುಂಬಿಸಲು ಹೋದರು.

ಮರುದಿನ ಅಮ್ಮ ಅಕ್ಕನನ್ನೂ ನನ್ನನ್ನೂ ಕರೆದುಕೊಂಡು ಬಸ್ಸಿನಲ್ಲಿ ಕಾಲೇಜಿಗೆ ಹೋದಳು. "ಪಾಪಾ ನಹೀ ಆಯೇ?" ಅಪ್ಪ ಬರಲಿಲ್ಲವೇ ಎಂದು ಗುಮಾಸ್ತ ಕೇಳಿದ. "ಮೈ ಆಯೀ ಹೂಂ," ನಾನು ಬಂದಿದ್ದೇನಲ್ಲ ಎನ್ನುತ್ತಾ ಅಮ್ಮ ಅರ್ಜಿಗೆ ಸಹಿ ಹಾಕಿದಳು.

ಅಕ್ಕ ಈಗ ವಕೀಲೆ. ಮೊನ್ನೆ ಅವಳ ಹೆಸರಿನ ಫಲಕವನ್ನು ಬಾಗಿಲಿಗೆ ಬಡಿದು ಕೂರಿಸಿದವರು ಅಪ್ಪನೇ. ನೋಡಲು ಅಮ್ಮ ಬದುಕಿರಲಿಲ್ಲ.