ಒಂದೇ ತೊಲೆಗೆ ಕಟ್ಟಿದ ಎರಡು ಬಾವಿ

ಬಾವಿ ತೋಡಿಸುವಾಗ ಮೊಳಕ್ಕೊಂದರಂತೆ ಮಣ್ಣಿನ ಉಂಡೆ ಮಾಡಿ ಸರ ಕಟ್ಟುವುದು ಮಡಕಶಿರಾ ಕಡೆಯ ನನ್ನ ಗಂಡನ ಮನೆಯ ಪದ್ಧತಿ. ಮೊದಲು ಕೆಮ್ಮಣ್ಣಿನ ಉಂಡೆ, ಅದರ ಕೆಳಗೆ ಗರಸು, ಅದರ ಕೆಳಗೆ ಸುದ್ದೆ ಎನ್ನುವ ಬಿಳಿಯ ಮೆತ್ತನೆಯ ಕೊಳೆತ ಕಲ್ಲು. ಗಟ್ಟಿ ಬಂಡೆ ಸಿಕ್ಕರೆ ಅದರದೊಂದು ಚಕ್ಕೆ. ಒಣಗಿದ ಮೇಲೆ ಹುರಿಗೆ ಪೋಣಿಸಿ ನಡುಮನೆಯ ತೊಲೆಗೆ ಇಳಿಬಿಡುತ್ತಿದ್ದರು. ನೀರು ಬಂದ ದಿನ ಆ ಸರವನ್ನು ಮೊದಲ ನೀರಿಗೇ ಬಿಡಬೇಕು. ನೆಲದ್ದು ನೆಲಕ್ಕೆ ಹೋಗಲಿ ಎಂದು.

ನಾನು ರಾಯದುರ್ಗದ ಕಡೆಯವಳು. ಮದುವೆಯಾಗಿ ಬಂದಾಗ ಕಣಜದ ಪಕ್ಕದಲ್ಲಿ ಧೂಳು ಹಿಡಿದ ಒಂದು ಸರ ತೂಗುತ್ತಿತ್ತು. ದೃಷ್ಟಿಗೆ ಕಟ್ಟಿದ್ದೆಂದುಕೊಂಡೆ. ಅದು ಮಾವನವರು ಗುಡ್ಡದ ಮಗ್ಗುಲಿನ ಮೇಲು ಹೊಲದಲ್ಲಿ ತೋಡಿಸಿ, ಸುದ್ದೆ ಕುಸಿಯಿತೆಂದು ಅರ್ಧಕ್ಕೆ ಕೈಬಿಟ್ಟ ಬಾವಿಯ ಸರ. ನೀರು ಬಾರದ್ದರಿಂದ ಅತ್ತೆ ಅದನ್ನು ಇಳಿಸಿರಲಿಲ್ಲ.

ಕೆಳಗಿನ ಹೊಲದಲ್ಲಿ ನಾನೂ ಅತ್ತೆಯೂ ಹಿಪ್ಪುನೇರಳೆ ಹಾಕಿದ್ದೆವು. ಹುಳ ಸಾಕುವುದು, ಸೊಪ್ಪು ಹೆಚ್ಚುವುದು, ಗೂಡು ಬಿಡಿಸುವುದು ಎಲ್ಲ ನಮ್ಮದೇ. ಬೇಸಿಗೆಯಲ್ಲಿ ಊರ ಸೇದುಬಾವಿಯಿಂದ ಕೊಡ ಹೊತ್ತು ಗಿಡದ ಬುಡಕ್ಕೆ ಸುರಿದು ಸುರಿದು ನನ್ನ ನಡುನೆತ್ತಿಯ ಕೂದಲು ಸವೆದಿತ್ತು. ಹಟ ಹಿಡಿದು ಅಲ್ಲೇ ಒಂದು ಬಾವಿ ಶುರು ಮಾಡಿಸಿದೆವು. ಗರಸು ದಾಟಿದ್ದೇ ಕರೀಬಂಡೆ. ಮದ್ದಿಟ್ಟರೆ ಚಕ್ಕೆ ಏಳುತ್ತಿತ್ತೇ ಹೊರತು ಒಂದು ಹನಿ ಜಿನುಗಲಿಲ್ಲ.

ಮನೆಯ ಯಜಮಾನಿಕೆ ಭಾವನವರದು, ನನ್ನ ಗಂಡನ ಅಣ್ಣ. ಅವರ ಎದುರು ನನ್ನ ಗಂಡ ಬಾಯಿ ಬಿಟ್ಟವರಲ್ಲ. ಹಿಪ್ಪುನೇರಳೆ ಕಿತ್ತು, ಬಾವಿಗಳೆರಡನ್ನೂ ಮುಚ್ಚಿ, ಮುಂದಿನ ಮಳೆಗೆ ಕಡಲೆಕಾಯಿ ಹಾಕುವುದೆಂದು ಅವರು ತೀರ್ಮಾನಿಸಿದರು. ಹಳೆಯ ಸರದ ಪಕ್ಕಕ್ಕೆ ನಾನು ಕಟ್ಟಿದ ಹೊಸ ಸರವನ್ನು ಅದೇ ತೊಲೆಗೆ ತೂಗಿಸಿ ನನ್ನನ್ನು ಕರೆದರು.

“ಇಲ್ನೋಡಮ್ಮ. ನಿನ್ನ ಬಾವಿ ಕರೀಬಂಡೆಗೆ ನಿಂತೈತೆ. ಅಪ್ಪನ ಬಾವಿ ಅದಕ್ಕಿಂತ ನಾಲ್ಕು ಉಂಡೆ ಕೆಳಗಿಳ್ದೈತೆ. ನೀರು ಬಂತಾ? ಇನ್ನೇನು ಪಾತಾಳಕ್ಕೆ ಹೋಗ್ಬೇಕಾ?”

ಕಣ್ಣಿಗೆ ಹಾಗೇ ಕಾಣುತ್ತಿತ್ತು.

ಮರುದಿನ ಸೊಪ್ಪಿನ ಮಂಕರಿ ಹೊತ್ತು ಹೊಸ ಬಾವಿಯ ದಂಡೆಯಲ್ಲಿ ನಿಂತಾಗ, ಮೇಲು ಹೊಲದಲ್ಲಿ ಆಡು ಮೇಯಿಸುತ್ತಿದ್ದ ಅತ್ತೆ ಹಳೆಯ ಬಾವಿಯ ಕಲ್ಲಿನ ಮೇಲೆ ಕೂತು ಕೂಗಿದರು. ತಲೆಯೆತ್ತಿ ನೋಡಬೇಕಾಯಿತು. ಅವರ ಪಾದ ನನ್ನ ತಲೆಗಿಂತ ಎಷ್ಟೋ ಮೇಲಿತ್ತು. ಮಂಕರಿ ಅಲ್ಲೇ ಇಳಿಸಿದೆ. ಹೊಲದಲ್ಲಿ ಒಂದರ ಬಾಯಿ ಮೇಲೆ, ಒಂದರ ಬಾಯಿ ಕೆಳಗೆ. ಮನೆಯಲ್ಲಿ ಮಾತ್ರ ಎರಡಕ್ಕೂ ಒಂದೇ ತೊಲೆ!

ಅತ್ತೆಯೂ ನಾನೂ ಬದು ಬದುವಿಗೂ ಹಗ್ಗ ಇಳಿಬಿಟ್ಟು ಇಳಿಜಾರಿನ ಎತ್ತರ ಅಳೆದೆವು. ಆರು ಮೊಳ. ಮನೆಗೆ ಬಂದು ಹೊಸ ಸರವನ್ನು ಆರು ಉಂಡೆಯಷ್ಟು ಕೆಳಗಿಳಿಸಿ ಕಟ್ಟಿದೆ. ಈಗ ಹಳೆಯ ಸರದ ತುದಿ ಕರೀಬಂಡೆಯ ಚಕ್ಕೆಗಿಂತ ಎರಡು ಉಂಡೆ ಮೇಲೆಯೇ ನಿಂತಿತು.

ರಾತ್ರಿ ಊಟಕ್ಕೆ ಕೂತ ಭಾವನವರಿಗೆ ತೋರಿಸಿದೆ. “ಭಾವನೋರೆ, ಈ ಕರೀಬಂಡಿ ನೆಲದೊಳಗಿನ ಕೆರಿ ಏರಿ ಇದ್ದಂಗ ಐತ್ರಿ. ಗುಡ್ಡದಿಂದ ಇಳಿದ ನೀರು ಅದರ ಹಿಂದ ನಿಂತಿರಬೇಕು. ಮಾವನೋರ ಬಾವಿ ಏರಿ ತಲೀಗಿಂತ ಮ್ಯಾಲೇ ನಿಂತೈತಿ. ನೀರು ಮುಟ್ಟೇ ಇಲ್ರಿ.”

“ಮಾತಿನ ಕೊನೇಗೆ ರೀ ಹಾಕಿದ್ರೆ ಬಂಡೆ ಕರಗಲ್ಲ ಕಣಮ್ಮ” ಎಂದು ಅವರು ನಕ್ಕರು. “ನಾಳೆ ಆಳು ಬರ್ತಾರೆ. ಗಿಡ ಕೀಳೋದೇ.”

ಮುದ್ದೆ ಇಕ್ಕುತ್ತಿದ್ದ ಅತ್ತೆ ಕೈ ತಡೆದರು. “ಕಿತ್ತಾಕಪ್ಪ. ಮೊದ್ಲು ನನ್ನ ಕಿತ್ತಾಕು, ಆಮೇಲೆ ಗಿಡ. ನಿಮ್ಮಪ್ಪ ತೋಡಿದ್ದು ಪೂರ್ತಿ ತೋಡಿ ನೋಡೋಕೆ ನಿಂಗೇನು ಕಷ್ಟ?”

“ತೋಡ್ಕೊಳ್ರಿ ಅತ್ತೆ ಸೊಸೆ. ನಾನು ಒಂದು ಆಳೂ ಕೊಡಲ್ಲ.”

“ನೀವು ಕೊಡಬ್ಯಾಡ್ರಿ” ಎಂದೆ. “ಗಿಡಕ್ಕ ಮಾತ್ರ ಕೈ ಹಚ್ಚಬ್ಯಾಡ್ರಿ.”

ಬೆಳಿಗ್ಗೆ ಎದ್ದಾಗ ಮೂಲೆಯಲ್ಲಿ ಹಾರೆ ಇರಲಿಲ್ಲ. ಯಾರಿಗೂ ಹೇಳದೆ ನನ್ನ ಗಂಡ ಮೇಲು ಹೊಲಕ್ಕೆ ಹೋಗಿದ್ದರು. ಸುದ್ದೆ ಕುಸಿಯದ ಹಾಗೆ ಸುತ್ತ ಕಲ್ಲು ಕಟ್ಟುತ್ತ ಅವರು ಇಳಿದರು; ನಾನು ಮಂಕರಿ ಎಳೆದೆ, ಅತ್ತೆ ಉಂಡೆ ಕಟ್ಟಿದರು. ಕರೀಬಂಡೆಯ ಮಟ್ಟ ದಾಟುತ್ತಿದ್ದಂತೆ ಉಂಡೆ ಒಣಗಲು ಒಲ್ಲೆ ಎಂದಿತು. ಆಮೇಲೆ ಒಂದು ಮಧ್ಯಾಹ್ನ ಅವರ ಹೆಜ್ಜೆ ಊರಿದಲ್ಲೆಲ್ಲ ನೀರು ತುಂಬಿತು.

ಭಾವನವರು ಬಂದರು. ಬಗ್ಗಿ ನೋಡಿದರು. ಆಮೇಲೆ ಯಜಮಾನರ ದನಿಯಲ್ಲೇ, “ಸರ ತಗೊಂಡು ಬಾರಮ್ಮ, ಬಿಡಾನ” ಎಂದರು.

“ಕೊಡಂಗಿಲ್ರಿ.”

“ಪದ್ಧತಿ ಕಣಮ್ಮ!”

“ನೋಡದನ ಬಾವಿ ಮುಚ್ಚೋದು ಯಾವ ಪದ್ಧತಿರಿ? ನಾಳೆ ಮತ್ತ್ಯಾರಾರ ತೋಡ್ತಾರ. ಅವರು ಏನು ನೋಡಬೇಕು?”

ಅತ್ತೆ ಬಾಯಿಗೆ ಸೆರಗು ಹಿಡಿದು ನಕ್ಕರು. ಹೊಸ ನೀರಿಗೆ ಅರಿಸಿನ ಕುಂಕುಮ ಬಿಟ್ಟೆ, ಹೂವು ಬಿಟ್ಟೆ. ಸರ ಬಿಡಲಿಲ್ಲ.

ಅದೆಲ್ಲ ಮದರಾಸಿನ ಆಡಳಿತದ ಕಾಲದ್ದು. ಸರಗಳು ಇವತ್ತಿಗೂ ತೊಲೆಯಲ್ಲಿವೆ. ಮೊನ್ನೆ ಯುಗಾದಿಗೆ ಸುಣ್ಣ ಬಳಿಯುವಾಗ ಹೊಸ ಸೊಸೆ, “ಒಂದು ಮೇಲೈತೆ, ಒಂದು ಜೋತು ಬಿದ್ದೈತೆ ಅತ್ತೆ. ಎರಡನ್ನೂ ಸಮ ಮಾಡಿ ಕಟ್ಲಾ?” ಎಂದಳು.

“ಕೈ ಹಚ್ಚಬ್ಯಾಡ” ಎಂದೆ. “ಇಳೀ ಕೆಳಕ್ಕ. ಹೊಲಕ್ಕ ಹೋಗೋಣು ಬಾ, ಮೊದಲು ಬದು ತೋರಸ್ತೀನಿ.”